ಮುಕ್ತ್‌ಸರ್ ಕಡೆ ಹಳ್ಳೀಲಿ ಎಳ್ಳು ಬೀರಿದ್ದು

ನಾನು ಮಂಡ್ಯ ಕಡೆಯೋಳು. ಸಂಕ್ರಾಂತಿ ಅಂದ್ರೆ ಬೆಳಗ್ಗೆ ಎಳ್ಳು ಬೀರೋದು, ಸಾಯಂಕಾಲ ಹಸು ಎತ್ತಿಗೆ ಕಿಚ್ಚು ಹಾಯ್ಸೋದು, ಇವೆರಡೂ ಇಲ್ದೇ ಇದ್ರೆ ಹಬ್ಬ ಆಯ್ತು ಅಂತ ಅನ್ಸೋದೇ ಇಲ್ಲ. ಯಜಮಾನ್ರಿಗೆ ಪಂಜಾಬಿನ ಬಟಿಂಡಾಗೆ ಪೋಸ್ಟಿಂಗ್ ಆಗಿ ಈ ಸಲ ಊರಿಗೆ ಹೋಗಕ್ಕಾಗ್ಲಿಲ್ಲ, ಅವ್ರ ಜೊತೆ ಕೆಲ್ಸ ಮಾಡೋರೊಬ್ರು ಲೋಹ್ಡಿಗೆ ನಮ್ ಪಿಂಡ್‌ಗೆ ಬನ್ನಿ ಅಂತ ಕರೆದ್ರು. ಲೋಹ್ಡಿ ಅಂದ್ರೆ ಸಂಕ್ರಾಂತಿ ಹಿಂದಿನ ರಾತ್ರಿ ಬೆಂಕಿ ಹಚ್ಚಿ ಮಾಡೋ ಪಂಜಾಬಿ ಹಬ್ಬ. ಪಿಂಡ್ ಅಂದ್ರೆ ಹಳ್ಳಿ, ಮುಕ್ತ್‌ಸರ್ ಹತ್ರ. ಎಳ್ಳುಬೆಲ್ಲದ ಡಬ್ಬಿ, ಅಮ್ಮ ಕಳ್ಸಿದ್ದ ಸಕ್ಕರೆ ಅಚ್ಚು ಕಟ್ಕೊಂಡು ಹೊರಟ್ವಿ.

13ನೇ ತಾರೀಕು ರಾತ್ರಿ ಅಂಗಳದಲ್ಲಿ ಸೌದೆ ಬೆರಣಿ ಒಟ್ಟಿ ಬೆಂಕಿ ಹಚ್ಚಿದ್ರು. ಆ ಮನೇಲಿ ಮೊಮ್ಮಗಳು ಹುಟ್ಟಿದ ಮೊದಲ್ನೇ ಲೋಹ್ಡಿ. ಮುಂಚೆ ಗಂಡು ಹುಟ್ಟಿದ್ರೆ ಮಾತ್ರ ಹಿಂಗೆ ಜೋರಾಗಿ ಮಾಡ್ತಿದ್ರಂತೆ, ಈಗ ಹೆಣ್ಮಕ್ಕಳಿಗೂ ಮಾಡ್ತಾರೆ, ಅದನ್ನ ಕೇಳಿ ನಂಗೆ ತುಂಬಾ ಖುಷಿ ಆಯ್ತು. ಮಕ್ಕಳು ದುಲ್ಲಾ ಭಟ್ಟಿ ಹಾಡು ಹೇಳ್ತಿದ್ವು, ಅಕ್ಬರನ ಕಾಲದಲ್ಲಿ ಮೊಘಲರ ವಿರುದ್ಧ ನಿಂತೋನು ಅವ್ನು, ಬಡವರ ಹೆಣ್ಮಕ್ಕಳನ್ನ ಕಾಪಾಡಿ ತಾನೇ ತಂದೆ ಸ್ಥಾನದಲ್ಲಿ ನಿಂತು ಮದ್ವೆ ಮಾಡ್ಸಿದ ಅಂತ ಕಥೆ. ಎಲ್ರೂ ಬೆಂಕಿಗೆ ಎಳ್ಳು ಹಾಕ್ತಾ "ಈಸರ್ ಆಏ, ದಲಿದ್ದರ್ ಜಾಏ" ಅಂತಿದ್ರು, ಒಳ್ಳೇದು ಬರ್ಲಿ, ದರಿದ್ರ ತೊಲಗ್ಲಿ ಅಂತ. ದಲಿದ್ದರ್ ಅಂದ್ರೆ ನಮ್ ದರಿದ್ರಾನೇ! ನಾನೂ ಒಂದು ಹಿಡಿ ಎಳ್ಳು ಹಾಕ್ದೆ. ಕಿಚ್ಚು ಹಾಯ್ಸಕ್ಕೆ ಎತ್ತು ಇಲ್ಲ, ಕೊಟ್ಟಿಗೇಲಿ ಇದ್ದಿದ್ದು ಚಳಿಗೆ ಗೋಣಿ ಹೊದ್ಕೊಂಡಿದ್ದ ಎಮ್ಮೆಗಳು, ಅವುಕ್ಕೇ ಅರಿಶಿನ ಕುಂಕುಮ ಇಟ್ಟು ಆರತಿ ಮಾಡ್ದೆ.

ಅಡುಗೆಮನೇಲಿ ಅಷ್ಟೊತ್ತಿಗೆ ಕಬ್ಬಿನ ಹಾಲಲ್ಲಿ ಅಕ್ಕಿ ಬೇಯ್ತಿತ್ತು. ರೌ ದೀ ಖೀರ್ ಅಂತಾರೆ. ಬೆಲ್ಲ ಬೇಡ ಸಕ್ಕರೆ ಬೇಡ, ಸಣ್ಣ ಉರೀಲಿ ಗಂಟೆಗಟ್ಟಲೆ ಕೈಯಾಡಿಸ್ತಾನೇ ಇರ್ಬೇಕು. ನಮ್ ಸಿಹಿ ಪೊಂಗಲ್ ಥರ ಬಿಸಿಬಿಸಿ ತಿನ್ನೋ ಹಂಗಿಲ್ಲ, "ಪೋಹ್ ರಿದ್ಧೀ, ಮಾಘ್ ಖಾಧೀ" ಅಂತ ಗಾದೇನೇ ಇದೆ, ಪುಷ್ಯದಲ್ಲಿ ಬೇಯ್ಸಿದ್ದು ಮಾಘದಲ್ಲಿ ತಿಂದಿದ್ದು ಅಂತ. ಅಂದ್ರೆ ಲೋಹ್ಡಿ ರಾತ್ರಿ ಮಾಡಿಟ್ಟು ಮಾರನೇ ದಿನ ಮಾಘಿ, ಅಂದ್ರೆ ಅವ್ರ ಸಂಕ್ರಾಂತಿ, ಬೆಳಗ್ಗೆ ತಣ್ಣಗೆ, ಮೊಸರು ಹಾಕ್ಕೊಂಡು ತಿನ್ನೋದು. ಕಬ್ಬಿನ ಊರಿಂದ ಬಂದೋಳು ನಾನು, ಇದನ್ನ ಹೆಂಗೆ ಇಷ್ಟು ವರ್ಷ ತಿಂದಿರ್ಲಿಲ್ಲ ಅನ್ಸ್ತು.

ಬೆಳಗ್ಗೆ ಸೂರ್ಯನೇ ಕಾಣದಷ್ಟು ಮಂಜು. ಸ್ನಾನ ಮಾಡಿ, ರೇಷ್ಮೆ ಸೀರೆ ಮೇಲೆ ಸ್ವೆಟರ್ ಹಾಕ್ಕೊಂಡು ಅಕ್ಕಪಕ್ಕದ ನಾಲ್ಕು ಮನೆಗೆ ಎಳ್ಳು ಬೀರಿದೆ. ಕೊನೇಗೆ ನಾವು ಉಳ್ಕೊಂಡಿದ್ದ ಮನೆ ಬೇಬೇಗೆ, ಅಂದ್ರೆ ಅಜ್ಜಿಗೆ, ಕೊಟ್ಟಾಗ ಯಾವೂರಮ್ಮ ನಿಂದು ಅಂತ ಕೇಳಿದ್ರು. ಕರ್ನಾಟಕ ಅಂದೆ. ತಕ್ಷಣ "ಬಿದರ್?" ಅಂದ್ರು. ಬೆಂಗ್ಳೂರು ಅಲ್ಲ, ಮೈಸೂರಲ್ಲ, ಬೀದರ್!

ಆಮೇಲೆ ಬೇಬೇ ಹೇಳಿದ್ದನ್ನ ಮಗ ನಂಗೆ ಹಿಂದೀಲಿ ಹೇಳ್ತಾ ಹೋದ್ರು. ಆನಂದಪುರಕ್ಕೆ ಮೊಘಲ್ ಸೈನ್ಯ ಮುತ್ತಿಗೆ ಹಾಕಿದ್ದಾಗ ನಲವತ್ತು ಜನ ಸಿಖ್ಖರು ನೀವು ನಮ್ ಗುರು ಅಲ್ಲ ಅಂತ ಸಿಖ್ಖರ ಹತ್ತನೇ ಗುರು ಗೋಬಿಂದ್ ಸಿಂಗ್‌ಗೆ ಬರ್ದುಕೊಟ್ಟು ಮನೆಗೆ ಹೋದ್ರಂತೆ. ಮಾಯಿ ಭಾಗೋ ಅನ್ನೋ ಹೆಣ್ಮಗಳು ಅವ್ರನ್ನ ಬೈದು, ತಾನೇ ಮುಂದೆ ನಿಂತು ವಾಪಸ್ ಕರ್ಕೊಂಡ್ ಬಂದ್ಲು. 1705ರಲ್ಲಿ ಖಿದ್ರಾಣಾ ಅನ್ನೋ ಕೆರೆ ಹತ್ರ ಮೊಘಲ್ ಸೈನ್ಯದ ಜೊತೆ ಯುದ್ಧ, ನಲವತ್ತೂ ಜನ ಸತ್ರು. ಕೊನೆಯುಸಿರಲ್ಲಿದ್ದ ಮಹಾನ್ ಸಿಂಗ್ ಕೇಳ್ಕೊಂಡಿದ್ದು ಒಂದೇ, ಆ ಪತ್ರ ಹರಿದುಹಾಕಿ ಅಂತ. ಗುರುಗಳು ಹರಿದ್ರು, ಅವ್ರೆಲ್ಲ ಮುಕ್ತರು ಅಂದ್ರು, ಕೆರೆ ಮುಕ್ತ್‌ಸರ್ ಆಯ್ತು. ಅಲ್ಲಿರೋ ಗುರುದ್ವಾರದ ಹೆಸ್ರು ಟುಟ್ಟೀ ಗಂಢೀ, ಮುರಿದಿದ್ದನ್ನ ಮತ್ತೆ ಗಂಟು ಹಾಕಿದ್ದು. ಮಾಘಿ ಮೇಳ ನಡೆಯೋದು ಅವ್ರ ನೆನಪಿಗೇ.

ಮಾಯಿ ಭಾಗೋ ಬದುಕುಳಿದ್ಲು. ಗುರುಗಳ ಜೊತೆ ನಾಂದೇಡ್‌ಗೆ ಬಂದು, 1708ರಲ್ಲಿ ಅವ್ರು ತೀರ್ಕೊಂಡ್ಮೇಲೆ ಬೀದರ್ ಹತ್ರ ಜನವಾಡದಲ್ಲಿ ನೆಲೆಸಿ ಅಲ್ಲೇ ಕೊನೆಯುಸಿರೆಳೆದ್ಲು. ಅಲ್ಲಿ ಅವ್ಳ ಹೆಸ್ರಲ್ಲಿ ಗುರುದ್ವಾರ ಇದೆ. 1699ರ ಪಂಚ ಪ್ಯಾರೇ, ಅಂದ್ರೆ ಗುರುಗಳು ಖಾಲ್ಸಾ ಪಂಥ ಕಟ್ಟಿದಾಗ ಮೊದ್ಲು ದೀಕ್ಷೆ ಕೊಟ್ಟ ಐದು ಜನ, ಅವ್ರಲ್ಲಿ ಒಬ್ರಾದ ಸಾಹಿಬ್ ಸಿಂಗ್ ಕೂಡ ಬೀದರಿನೋರೇ ಅಂತ ಬೇಬೇ ಸೇರ್ಸಿದ್ರು.

ಜನವಾಡ ಹೆಂಗಿದೆ ಅಂತ ಕೇಳಿದ್ರು. ನಾನು ಬೀದರ್‌ಗೆ ಹೋಗೇ ಇಲ್ಲ, ಅದನ್ನ ಹೇಳೋವಾಗ ತಲೆ ತಗ್ಗಿತು. ಬೇಬೇ ಏನೂ ಅನ್ಲಿಲ್ಲ, ಎದ್ದು ಒಳಗೆ ಹೋಗಿ ಹೊಸ ಬೆಲ್ಲದ ಉಂಡೆಯೊಂದನ್ನ ಬಟ್ಟೇಲಿ ಕಟ್ಟಿ ತಂದು ಕೈಗಿಟ್ರು, ಮಾಯಿಗೆ ಮುಟ್ಟಿಸು ಅಂತ. ನಮ್ ದೇವರ ಗೂಡಲ್ಲಿ ಇಟ್ಟಿದೀನಿ, ಯುಗಾದಿಗೆ ಊರಿಗೆ ಹೋದಾಗ ಮೊದ್ಲು ಜನವಾಡ, ಆಮೇಲೆ ಮಂಡ್ಯ.