ನಕ್ಷೆಯಲ್ಲಿ ಒಂದೇ ಬಣ್ಣ, ತೋಟದಲ್ಲಿ ಬೇರೆ ಮಳೆ

ಶಿರಸಿಯಲ್ಲಿ ಅಡಿಕೆ ಸಸಿ ಮಾರುವ ನರ್ಸರಿಯೊಂದರಲ್ಲಿ ನನಗೆ ಕೆಲಸ. ಸಸಿ ಒಯ್ಯುವವರಿಗೆ ಯಾವಾಗ ನೆಡಬೇಕು ಅಂತ ಚೀಟಿ ಬರೆದು ಕೊಡೋದೂ ನನ್ನದೇ. ಮೊದಲ ವರ್ಷ ಪ್ರಪಂಚದ ಹವಾಮಾನ ವಲಯಗಳ ನಕ್ಷೆ ತೆಗೆದು ನೋಡಿದೆ, ಅದರಲ್ಲಿ ನಮ್ಮ ಜಿಲ್ಲೆಯೆಲ್ಲ ಒಂದೇ ಮಾನ್ಸೂನ್ ಬಣ್ಣ, ಕಾರವಾರಕ್ಕೂ ಮುಂಡಗೋಡಕ್ಕೂ ಒಂದೇ ಚೀಟಿ ಬರೆದುಬಿಟ್ಟೆ: ಜೋರು ಮಳೆ ಕಳೆದ ಮೇಲೆ, ಸೆಪ್ಟೆಂಬರಿನಲ್ಲಿ ನೆಡಿ.

ಮಾರ್ಚಿನಲ್ಲಿ ಮುಂಡಗೋಡ ಕಡೆಯ ರೈತರೊಬ್ಬರು ಕರೆದು ತೋರಿಸಿದರು. ಸಸಿಯ ಸುಳಿ ಕಂದು ಬಣ್ಣಕ್ಕೆ ತಿರುಗಿತ್ತು, ಮೆಲ್ಲಗೆ ಎಳೆದರೂ ಕಿತ್ತು ಕೈಗೆ ಬಂತು. ಬುಡದ ಮಣ್ಣಿಗೆ ಬೆರಳೇ ಇಳಿಯಲಿಲ್ಲ. "ನಿಮ್ಮ ಶಿರಸಿ ಮಳಿ ಇಲ್ಲಿಗೆ ಬರೂದಿಲ್ರಿ" ಅಂದರು. ಅವರು ಸಾಲ ಮಾಡಿ ಒಯ್ದ ಸಸಿಗಳು ಅವು.

ಆ ಬಣ್ಣ ಹೇಗೆ ಬಂತು ಅಂತ ಹುಡುಕಿದ್ದು ಆಮೇಲೆ. ಆ ನಕ್ಷೆಯ ಹಿಂದಿನ ವಿಂಗಡಣೆ ಮಾಡಿದ ವ್ಲಾದಿಮಿರ್ ಕೊಪ್ಪೆನ್ ಸಸ್ಯಶಾಸ್ತ್ರ ಓದಿದವರು. ಗಿಡಮರ ಎಲ್ಲಿ ಯಾವುದು ಬೆಳೆಯುತ್ತದೆ ಅನ್ನೋದನ್ನೇ ಹಿಡಿದು 1884ರಿಂದ ಐವತ್ತು ವರ್ಷಕ್ಕೂ ಜಾಸ್ತಿ ಈ ವಿಂಗಡಣೆ ತಿದ್ದಿದರು. ತೀರಾ ತಣ್ಣಗಿನ ತಿಂಗಳಲ್ಲೂ ಸರಾಸರಿ 18 ಡಿಗ್ರಿಗೆ ಕಡಿಮೆಯಾಗದ, ಒಣನಾಡೂ ಅಲ್ಲದ ಊರು 'ಎ' ಗುಂಪು. ನಾವೆಲ್ಲ ಅಲ್ಲೇ.

ಅದರೊಳಗಿನ ಲೆಕ್ಕವೇ ನನಗೆ ಬೇಕಿದ್ದದ್ದು. ವರ್ಷದ ಮಳೆಯನ್ನು ಮಿಲಿಮೀಟರಿನಲ್ಲಿ ಹಿಡಿದು 25ರಿಂದ ಭಾಗಿಸಿ, ಬಂದದ್ದನ್ನು 100ರಿಂದ ಕಳೆಯಿರಿ. ಎಲ್ಲಕ್ಕಿಂತ ಒಣ ತಿಂಗಳ ಮಳೆ ಈ ಉತ್ತರಕ್ಕಿಂತ ಕಡಿಮೆಯಾದರೆ ಆ ಊರು ಮಾನ್ಸೂನ್ ಅಲ್ಲ. 3000 ಮಿಲಿಮೀಟರ್ ಬೀಳುವ ಊರಿಗೆ ಉತ್ತರ ಸೊನ್ನೆಗಿಂತ ಕೆಳಗೆ, ಹಾಗಾಗಿ ಜನವರಿಯಲ್ಲಿ ಹನಿ ಬೀಳದಿದ್ದರೂ ಅದು ಮಾನ್ಸೂನ್ ಹವಾಮಾನವೇ. 1200 ಬೀಳುವ ಊರಿಗೆ ಉತ್ತರ 52. ಅಲ್ಲಿ ಜನವರಿ ಒಣಗಿದ್ದರೆ ಸವನ್ನಾ, ಹುಲ್ಲುಗಾವಲಿನ ಹವಾಮಾನ! 2500 ಆದರೆ ಸರಿಯಾಗಿ ಗಡಿ ಮೇಲೆ. ಶಿರಸಿಯಿಂದ ಮೂಡಣಕ್ಕೆ ಹೋದಂತೆ ಮಳೆ ಇಳಿಯುತ್ತಲೇ ಹೋಗುತ್ತದೆ, ಅಲ್ವಾ? ಈ ಗಡಿ ನಮ್ಮ ಜಿಲ್ಲೆಯೊಳಗೇ ಹಾದುಹೋಗಬಹುದು, ಪ್ರಪಂಚದ ನಕ್ಷೆಯಲ್ಲಿ ಅದು ಕಾಣುವುದಿಲ್ಲ.

ಈ ಲೆಕ್ಕಕ್ಕೆ ಮಣ್ಣು ಗೊತ್ತಿಲ್ಲ, ಒಣ ತಿಂಗಳು ಎಷ್ಟು ಅನ್ನೋದೂ ಗೊತ್ತಿಲ್ಲ. 1948ರಲ್ಲಿ ಅಮೆರಿಕದ ಹವಾಮಾನ ವಿಜ್ಞಾನಿ ಥಾರ್ನ್‌ತ್ವೇಟ್ ಅನ್ನುವವರು ನೆಲ ಮತ್ತು ಗಿಡದಿಂದ ಆವಿಯಾಗಬಹುದಾದ ನೀರನ್ನೂ ಲೆಕ್ಕಕ್ಕೆ ಹಿಡಿದರು. ತೋಟದ ಕೆಲಸಕ್ಕೆ ನನಗೆ ಅದೇ ಹತ್ತಿರ ಅನಿಸುತ್ತದೆ.

ಈಗ ಚೀಟಿ ಬರೆಯುವ ಮೊದಲು ಎರಡು ಪ್ರಶ್ನೆ ಕೇಳುತ್ತೇನೆ: ಕೊನೇ ದೊಡ್ಡ ಮಳೆ ಯಾವಾಗ ಬರುತ್ತದೆ, ಬಾವಿ ನೀರು ಯಾವ ತಿಂಗಳ ತನಕ? ಮುಂಡಗೋಡದ ಅವರಿಗೆ ಹೊಸ ಸಸಿ ಕೊಟ್ಟೆವು, ಜೂನಿನಲ್ಲೇ ನೆಟ್ಟರು.