ಹೊರಗಿನ ಪದರವೇ ಕೆಂಪಾಗಿರಬೇಕು: ಮಿಶಿಗನ್ ಪಂದ್ಯಕ್ಕೆ ನಾಲ್ವರ ಉಡುಪು, 2024ರ ಕೆಲಸದ ದಿನಚರಿ

ಸೆಪ್ಟೆಂಬರ್ 21

ಪಂದ್ಯ ನವೆಂಬರ್ 30ರ ಶನಿವಾರ, ಮಧ್ಯಾಹ್ನ 12ಕ್ಕೆ, ಕೊಲಂಬಸ್‌ನ ಓಹಾಯೊ ಸ್ಟೇಡಿಯಂನಲ್ಲಿ. ಅಮೆರಿಕನ್ ಫುಟ್‌ಬಾಲ್‌ನಲ್ಲಿ ಓಹಾಯೊ ಸ್ಟೇಟ್ ಮತ್ತು ಮಿಶಿಗನ್ ವಿಶ್ವವಿದ್ಯಾಲಯಗಳ ತಂಡಗಳು ಮೊದಲ ಸಲ ಎದುರಾದದ್ದು 1897ರಲ್ಲಿ. 1918ರಿಂದ ಈಚೆಗೆ ತಪ್ಪಿದ್ದು ಕೋವಿಡ್‌ನ 2020 ಒಂದೇ ವರ್ಷ. ಇಂಥ ಪಂದ್ಯಕ್ಕೆ ಕೈಗೆ ಸಿಕ್ಕ ಬಟ್ಟೆ ತೊಟ್ಟು ಹೋಗಲಾಗದು. ಉಡುಪು ನಾಲ್ವರಿಗೆ ಬೇಕು, ಏಕೆಂದರೆ ಕೈಯೆತ್ತಿ ಓ-ಎಚ್-ಐ-ಓ ಅಕ್ಷರ ಮೂಡಿಸಲು ನಾಲ್ಕು ಜನ ಬೇಕು.

ಎರಡು ತಿಂಗಳ ಮುಂಚೆಯೇ ಶುರು ಮಾಡಿದ್ದು ಬಕ್‌ಐ ಕಾಯಿಯ ಹಾರಕ್ಕಾಗಿ. ಓಹಾಯೊದ ರಾಜ್ಯವೃಕ್ಷ ಬಕ್‌ಐ, ನಮ್ಮ ಓಹಾಯೊ ಸ್ಟೇಟ್ ತಂಡದ ಅಡ್ಡಹೆಸರೂ ಅದೇ. ಅದರ ಕಾಯಿ ಉದುರುವುದು ಸೆಪ್ಟೆಂಬರ್ ಆಸುಪಾಸಿನಲ್ಲಿ, ಆಮೇಲೆ ಅಳಿಲುಗಳು ಉಳಿಸುವುದಿಲ್ಲ. ನಮ್ಮ ಅಂಟುವಾಳದ ಕುಟುಂಬದ್ದೇ ಮರ ಇದು. ಎರಡರಲ್ಲೂ ನೊರೆ ಬರಿಸುವ ಸಪೋನಿನ್ ಇದೆ. ಬಕ್‌ಐ ತಿಂದರೆ ವಿಷ, ಹಾಗಾಗಿ ಮಕ್ಕಳು ಮತ್ತು ನಾಯಿಗಳಿಗೆ ಸಿಗದಂತೆ ಒಣಗಿಸಬೇಕು.

ಒಂದು ಹಾರಕ್ಕೆ 16 ಕಾಯಿ, ನಾಲ್ಕಕ್ಕೆ 64. ಆರಿಸಿದ್ದು 90. ಹುಳು ಹೊಕ್ಕವು, ಡ್ರಿಲ್‌ಗೆ ಸೀಳುವವು, ಬೂಸ್ಟು ಹಿಡಿಯುವವು ಇದ್ದೇ ಇರುತ್ತವೆ. ಕ್ರೀಡಾಂಗಣದ ಪಕ್ಕದ ಬಕ್‌ಐ ತೋಪಿನ ಮರಗಳನ್ನು ಆಲ್-ಅಮೆರಿಕನ್ (ದೇಶದ ಅತ್ಯುತ್ತಮ ಕಾಲೇಜು ಆಟಗಾರರೆಂಬ) ಗೌರವ ಪಡೆದ ಆಟಗಾರರ ನೆನಪಿಗೆ ನೆಟ್ಟಿದ್ದಾರೆ. ಅಲ್ಲಿ ಆರಿಸುವುದು ಬೇಡ.

ಸೆಪ್ಟೆಂಬರ್ 24

ತೂತು ಕೊರೆದಾಯಿತು. ಕಾಯಿ ಹಸಿಯಿರುವಾಗಲೇ ಕೊರೆದರೆ ಸಿಪ್ಪೆ ಬಿರಿಯುವುದು ಕಡಿಮೆ, ಒಳಗಿನ ತೇವಕ್ಕೂ ಹೊರಗೆ ಹೋಗಲು ದಾರಿಯಾಗುತ್ತದೆ. 3 ಮಿ.ಮೀ. ಬಿಟ್, ನಿಧಾನ ವೇಗ. ಕಾಯಿಯನ್ನು ಕೈಯಲ್ಲಿ ಹಿಡಿಯಲೇಬಾರದು. ನುಣುಪಾಗಿರುವುದರಿಂದ ಜಾರಿ ಬಿಟ್ ನೇರ ಅಂಗೈಗೆ ಬರುತ್ತದೆ. ಕ್ಲ್ಯಾಂಪಿನ ಎರಡೂ ಬಾಯಿಗೆ ಹಳೆ ಬಟ್ಟೆ ಸುತ್ತಿ ಹಿಡಿದರೆ ಸಾಕು. ಕಾಯಿಯ ಮೇಲಿನ ಬಿಳಿಚು ಮಚ್ಚೆಯೇ ಅದರ 'ಕಣ್ಣು'. ಮಚ್ಚೆಯ ಮೂಲಕ ಕೊರೆಯದೆ ಅಡ್ಡಲಾಗಿ ಕೊರೆದರೆ ಹಾರದಲ್ಲಿ ಕಣ್ಣು ಮುಂದಕ್ಕೆ ನಿಲ್ಲುತ್ತದೆ.

ತಂತಿಗೆ ಪೋಣಿಸಿ, ಒಂದಕ್ಕೊಂದು ತಾಗದಂತೆ ಬಿಡಿಸಿ, ಫ್ಯಾನಿನ ಗಾಳಿಗೆ ತೂಗುಹಾಕಿದೆ. ಪ್ಲಾಸ್ಟಿಕ್ ಚೀಲದಲ್ಲಿ ಕಟ್ಟಿಟ್ಟರೆ ವಾರದೊಳಗೆ ಬೂಸ್ಟು ಬರುತ್ತದೆ.

ಅಕ್ಟೋಬರ್ 5

ಬಣ್ಣದ ಲೆಕ್ಕ. ಓಹಾಯೊ ಸ್ಟೇಟ್‌ನದು ಸ್ಕಾರ್ಲೆಟ್ ಮತ್ತು ಬೂದು, 1878ರಲ್ಲಿ ಆರಿಸಿದ್ದು. ಮೊದಲು ಕಿತ್ತಳೆ-ಕಪ್ಪು ಎಂದಿದ್ದರು, ಅದು ಪ್ರಿನ್ಸ್‌ಟನ್ ವಿಶ್ವವಿದ್ಯಾಲಯದ್ದು ಎಂದು ತಿಳಿದು ಬಿಟ್ಟರು. ಎದುರಾಳಿಯದು ಮೆಕ್ಕೆಜೋಳದ ಹಳದಿ ಮತ್ತು ನೀಲಿ.

ಸ್ಕಾರ್ಲೆಟ್ ಅಂದರೆ ಹೆಚ್ಚುಕಡಿಮೆ ಕುಂಕುಮದ ಕೆಂಪು. ಅಂಗಡಿಯ ಎಲ್‌ಇಡಿ ದೀಪದಲ್ಲಿ ಎಲ್ಲ ಕೆಂಪೂ ಒಂದೇ ಅನಿಸುತ್ತದೆ, ಬಿಸಿಲಿಗೆ ಹಿಡಿದಾಗ ಬೇರೆಯಾಗುತ್ತದೆ. ಸ್ವಲ್ಪ ಗಾಢವಾದರೆ ಇಂಡಿಯಾನಾ ವಿಶ್ವವಿದ್ಯಾಲಯದ ಕ್ರಿಮ್ಸನ್ ಆಯಿತು, ಇನ್ನೂ ಗಾಢವಾದರೆ ಮರೂನ್. ಟೋಪಿ, ಮಫ್ಲರ್, ಜರ್ಕಿನ್ ಮೂರನ್ನೂ ಕಿಟಕಿಯ ಹತ್ತಿರ ಒಟ್ಟಿಗಿಟ್ಟು ನೋಡಿ, ಹೊಂದದ ಒಂದು ಟೋಪಿ ವಾಪಸ್ಸು.

ಎದುರಾಳಿಯ ಬಣ್ಣ ನಮ್ಮ ಮೈಮೇಲೆ ಗೊತ್ತಿಲ್ಲದೆ ಬಂದು ಕೂರುವುದು ಇದಕ್ಕಿಂತ ದೊಡ್ಡ ತಪ್ಪು. ಎಲ್ಲರ ಮನೆಯಲ್ಲೂ ಇರುವ ಚಳಿಕೋಟು ನೇವಿ ನೀಲಿ. ಮಳೆಕೋಟು ಹಳದಿ. ಒಂದರ ಮೇಲೊಂದು ಹಾಕಿದರೆ ಅಪ್ಪಟ ಮಿಶಿಗನ್! ಜೀನ್ಸ್ ಕೂಡ ನೀಲಿಯೇ. ಹಲವರು ಅದನ್ನು ಲೆಕ್ಕಕ್ಕೆ ಹಿಡಿಯುವುದಿಲ್ಲ, ಆದರೆ ಈ ವಾರಕ್ಕೆ ಕಪ್ಪು ಅಥವಾ ಬೂದು ಪ್ಯಾಂಟೇ ಸರಿ ಎಂಬುದು ನನ್ನ ಖಚಿತ ಅಭಿಪ್ರಾಯ. ನವೆಂಬರ್ ಆದ್ದರಿಂದ ಕನ್ನಡಿಗರ ಮನೆಗಳಲ್ಲಿ ರಾಜ್ಯೋತ್ಸವದ ಶಾಲು ಕೈಗೆಟಕುವಂತೆ ಇರುತ್ತದೆ. ಕೆಂಪು ಜರ್ಕಿನ್ ಮೇಲೆ ಅದು ಚೆಂದವೇ. ನೀಲಿ ಕೋಟಿನ ಮೇಲೆ ಮಾತ್ರ ಬೇಡ, ದೂರದಿಂದ ನೋಡುವವರಿಗೆ ಅರಿಶಿನವೂ ನೀಲಿಯೂ ಸೇರಿ ಕಾಣುತ್ತವೆ.

ಅಕ್ಟೋಬರ್ 19

ಕಾಯಿ ಒಣಗಿವೆ. ಸ್ವಲ್ಪ ಕುಗ್ಗಿ, ಸಿಪ್ಪೆ ಅಲ್ಲಲ್ಲಿ ಸುಕ್ಕಾಗಿದೆ, ಅದು ಸಹಜ. ತೆಳುವಾಗಿ ಎರಡು ಕೈ ವಾರ್ನಿಷ್. ಒಳಗೆ ತೇವ ಉಳಿದಿರುವಾಗ ಹಚ್ಚಿದರೆ ಮೇಲ್ಪದರ ಹಾಲಿನಂತೆ ಮಬ್ಬಾಗುತ್ತದೆ, ಆಮೇಲೆ ಕೆರೆದು ತೆಗೆಯದೆ ಬೇರೆ ದಾರಿಯಿಲ್ಲ.

ಪೋಣಿಸಲು 1 ಮಿ.ಮೀ. ಮೇಣದ ನೈಲಾನ್ ದಾರ. ಹತ್ತಿ ದಾರ ಹಿಮದಲ್ಲಿ ನೆನೆದು ಕೊಳೆಯುತ್ತದೆ. ಎರಡು ಕಾಯಿಗಳ ನಡುವೆ ಒಂದು ಗಂಟು, ಒಂದು ಬೂದು ಮಣಿ. ಹಾರದ ಸುತ್ತಳತೆ 80 ಸೆಂ.ಮೀ. ಇರಲಿ, ದಪ್ಪ ಉಣ್ಣೆ ಟೋಪಿ ಹಾಕಿಕೊಂಡೇ ತಲೆಯ ಮೇಲಿಂದ ಇಳಿಯಬೇಕು. ಕೊರಳ ಹಿಂಭಾಗಕ್ಕೆ ಕಾಯಿ ಬೇಡ, ಬರೀ ದಾರ. ಇಲ್ಲದಿದ್ದರೆ ಕಾಲರ್ ಕೆಳಗೆ ಒತ್ತಿ ಕತ್ತು ನೋಯುತ್ತದೆ.

ನವೆಂಬರ್ 9

ಪದರಗಳು. ನವೆಂಬರ್ ಕೊನೆಗೆ ಕೊಲಂಬಸ್‌ನಲ್ಲಿ ಹಗಲು ಸಾಮಾನ್ಯವಾಗಿ 8 ಡಿಗ್ರಿ ಸೆಲ್ಸಿಯಸ್ ಆಸುಪಾಸು, ಬೆಳಗ್ಗೆ ಶೂನ್ಯ. ಪಂದ್ಯ ಸುಮಾರು ಮೂರೂವರೆ ಗಂಟೆ. ಅದಕ್ಕೆ ಪಂದ್ಯಕ್ಕೆ ಮುಂಚೆ ಪಾರ್ಕಿಂಗ್ ಜಾಗದಲ್ಲೇ ಮಾಡುವ ಬೆಳಗಿನ ಊಟ, ನಡಿಗೆ, ಗೇಟಿನ ಸಾಲು ಸೇರಿಸಿದರೆ ಏಳೆಂಟು ಗಂಟೆ ಬಯಲಲ್ಲೇ. ನಡೆಯುವಾಗ ಬೆವರುತ್ತೇವೆ, ಕೂತಾಗ ಅದೇ ಬೆವರು ತಣ್ಣಗಾಗುತ್ತದೆ. ಆದ್ದರಿಂದ ಮೈಗೆ ತಾಗುವ ಪದರ ಹತ್ತಿಯದಾಗಬಾರದು. ಮೆರಿನೊ ಉಣ್ಣೆ ಅಥವಾ ಪಾಲಿಯೆಸ್ಟರ್ ಥರ್ಮಲ್, ಅದರ ಮೇಲೆ ಬೂದು ಫ್ಲೀಸ್, ಕೊನೆಗೆ ಗಾಳಿ ತಡೆಯುವ ಕೆಂಪು ಜರ್ಕಿನ್. ಕ್ರೀಡಾಂಗಣ ಒಲೆಂಟಾಂಜಿ ನದಿಯ ದಡದಲ್ಲಿದೆ, ಗಾಳಿಯನ್ನು ಮರೆಯಬಾರದು.

ಹೆಚ್ಚಿನವರು ಎಡವುವುದು ಕೊನೆಯ ಪದರದಲ್ಲಿ. ದುಡ್ಡು ಕೊಟ್ಟು ಜರ್ಸಿ ತಂದು, ಚಳಿಗೆ ಅದರ ಮೇಲೊಂದು ಕೋಟು ಹಾಕಿದರೆ ಇಡೀ ದಿನ ಜರ್ಸಿ ಯಾರ ಕಣ್ಣಿಗೂ ಬೀಳುವುದಿಲ್ಲ. ಕೆಂಪು ಜರ್ಕಿನ್ ಇಲ್ಲದವರಿಗೆ ಉಪಾಯ: ಬೂದು ಕೋಟಿನ ಮೇಲೆಯೇ ಜರ್ಸಿ. ಎರಡು ಸೈಜು ದೊಡ್ಡದು ತನ್ನಿ. ಒಂದು ಸೈಜು ಸಾಲದು, ತಲೆಯೇನೋ ತೂರುತ್ತದೆ, ಕಂಕುಳಲ್ಲಿ ಬಿಗಿಯುತ್ತದೆ. ಕೋಟಿಗೆ ವೆಲ್ಕ್ರೋ ಪಟ್ಟಿ ಇದ್ದರೆ ಮುಚ್ಚಿಡಿ, ಜರ್ಸಿಯ ಜಾಲರಿ ಬಟ್ಟೆಯನ್ನು ಅದು ಎಳೆಯೆಳೆಯಾಗಿ ಕೀಳುತ್ತದೆ.

ನವೆಂಬರ್ 23

ಇಂಡಿಯಾನಾ ವಿರುದ್ಧದ ಪಂದ್ಯವೂ ಇಲ್ಲಿಯೇ, ಅದೂ ಮಧ್ಯಾಹ್ನ 12ಕ್ಕೇ. ಪೂರ್ತಿ ಉಡುಪಿನ ಪರೀಕ್ಷೆಗೆ ಇದಕ್ಕಿಂತ ಒಳ್ಳೆಯ ದಿನ ಇರಲಿಲ್ಲ. ಸಿಕ್ಕ ದೋಷಗಳು:

ಕೈ ಎತ್ತಿ 'ಓ' ಮಾಡಿದಾಗ ಜರ್ಕಿನ್ ಮೇಲೆದ್ದು ಸೊಂಟಕ್ಕೆ ಗಾಳಿ. ಥರ್ಮಲ್ ಅಂಗಿ ಪ್ಯಾಂಟಿನೊಳಗೆ ಸಿಕ್ಕಿಸುವಷ್ಟು ಉದ್ದವಿರಬೇಕು, ಇಬ್ಬರದು ಗಿಡ್ಡ. ಬದಲಿಸಬೇಕು.

ಎರಡು ಜೊತೆ ಕಾಲುಚೀಲ ಹಾಕಿದವರ ಕಾಲೇ ಮೊದಲು ಮರಗಟ್ಟಿತು. ಬೂಟು ಬಿಗಿಯಾದರೆ ರಕ್ತ ಓಡುವುದು ಕಡಿಮೆ, ಬೆಚ್ಚಗಿನ ಗಾಳಿ ನಿಲ್ಲಲು ಜಾಗವೂ ಇಲ್ಲ. ದಪ್ಪ ಉಣ್ಣೆಯದು ಒಂದೇ ಜೊತೆ, ಬೂಟು ಅರ್ಧ ಸೈಜು ದೊಡ್ಡದು. ಚಳಿ ಏರುವುದು ಸಿಮೆಂಟಿನಿಂದ, ಆದ್ದರಿಂದ ಪಾದದಡಿಗೆ ಒಂದು ರಟ್ಟಿನ ತುಂಡು.

ಕೈ ಬಿಸಿ ಮಾಡುವ ಪೊಟ್ಟಣದಲ್ಲಿ ಶಾಖ ಬರುವುದು ಕಬ್ಬಿಣದ ಪುಡಿ ಗಾಳಿಗೆ ತುಕ್ಕು ಹಿಡಿಯುವುದರಿಂದ. ಅದನ್ನೇ ಬೂಟಿನೊಳಗೆ ತುರುಕಿದರೆ ಗಾಳಿಯಿಲ್ಲದೆ ತಣ್ಣಗಾಗುತ್ತದೆ. ಕಾಲ್ಬೆರಳಿಗೆಂದೇ ಬರುವ ಪೊಟ್ಟಣ ಬೇರೆ, ಅದನ್ನೇ ಕೊಳ್ಳಿ. ಬೇಕಾಗುವುದಕ್ಕೆ 15–20 ನಿಮಿಷ ಮೊದಲು ಬಿಚ್ಚಿ, ಬರಿ ಚರ್ಮಕ್ಕೆ ತಾಗಿಸದೆ ಕಾಲುಚೀಲದ ಮೇಲೆ ಅಂಟಿಸಬೇಕು.

ಸೀಟು ನೋಡಿಯೂ ಬಟ್ಟೆ ನಿರ್ಧರಿಸಬೇಕು. ಆಸನಗಳ ಅಂತಸ್ತುಗಳಲ್ಲಿ ಬಿ ಡೆಕ್ಕಿನ ಮೇಲೆ ಸಿ ಡೆಕ್ ಚಾಚಿದೆ. ಹಿಮ, ಮಳೆ ಬೀಳುವುದು ಕಡಿಮೆ, ಬಿಸಿಲೂ ಬರುವುದಿಲ್ಲ. ಅಲ್ಲಿ ಕೂರುವವರಿಗೆ ಇನ್ನೊಂದು ಫ್ಲೀಸ್. ತೆರೆದ ಸೀಟಿಗೆ ಪಾರದರ್ಶಕ ಪೊಂಚೊ (ತಲೆಯ ಮೇಲಿಂದ ಹಾಕಿಕೊಳ್ಳುವ ಮಳೆ ಹೊದಿಕೆ), ಕೆಂಪು ಒಳಗಿಂದಲೂ ಕಾಣುತ್ತದೆ. ಕೊಡೆಯನ್ನು ಒಳಗೆ ಬಿಡುವುದಿಲ್ಲ.

ನವೆಂಬರ್ 27

ಕೊನೆಯ ಜೋಡಣೆ. ಚೀಲ ಪಾರದರ್ಶಕವೇ ಆಗಬೇಕು, 12×6×12 ಇಂಚು ಮೀರಬಾರದು. ಬೇಕಾದ್ದೆಲ್ಲ ಜೇಬಿನಲ್ಲಿ ಹಿಡಿದರೆ ಇನ್ನೂ ವಾಸಿ. ಈ ವಾರ ಕ್ಯಾಂಪಸ್ಸಿನ ಫಲಕಗಳಲ್ಲಿ ಮಿಶಿಗನ್‌ನ ಮೊದಲಕ್ಷರವಾದ ಇಂಗ್ಲಿಷ್ 'ಎಂ' ಅಕ್ಷರಗಳ ಮೇಲೆಲ್ಲ ಕೆಂಪು ಟೇಪಿನ ಅಡ್ಡಗೀಟು ಬಿದ್ದಿದೆ. ಉಡುಪಿನ ಮೇಲೆ ಎದ್ದು ಕಾಣುವ 'ಎಂ' ಇದ್ದರೆ ಅದಕ್ಕೂ ಎರಡು ತುಂಡು ಬಟ್ಟೆಯ ಟೇಪು ಸಾಕು. ಪ್ಯಾಕಿಂಗ್ ಟೇಪು ಬೇಡ, ಚಳಿಗೆ ಗಡುಸಾಗಿ ಉದುರುತ್ತದೆ, ಅಂಟು ಮಾತ್ರ ಬಟ್ಟೆಯಲ್ಲಿ ಉಳಿಯುತ್ತದೆ.

ಡಿಸೆಂಬರ್ 1

ಪಂದ್ಯ 13–10ರಲ್ಲಿ ಮಿಶಿಗನ್ ಪಾಲಾಯಿತು. ಹೊಟ್ಟೆ ಉರಿಯುತ್ತದೆ. ಉಡುಪು ಮಾತ್ರ ಕೊನೆಯವರೆಗೂ ಕೈಕೊಡಲಿಲ್ಲ, ಉದ್ದ ಥರ್ಮಲ್ ಮತ್ತು ರಟ್ಟು ಎರಡೂ ಕೆಲಸ ಮಾಡಿದವು.

ಒಗೆಯುವುದು ಬಾಕಿ. ಜರ್ಸಿಯನ್ನು ಒಳಮೈ ಹೊರಗೆ ಮಾಡಿ ತಣ್ಣೀರಿನಲ್ಲಿ ಒಗೆದು, ಡ್ರೈಯರ್‌ಗೆ ಹಾಕದೆ ನೆರಳಲ್ಲಿ ಒಣಗಿಸಬೇಕು, ಬಿಸಿಗೆ ಅಚ್ಚಿನ ಅಂಕಿಗಳು ಬಿರುಕು ಬಿಡುತ್ತವೆ. ಹೊಸ ಕೆಂಪು ಮಫ್ಲರ್ ಬಣ್ಣ ಬಿಡುತ್ತದೆ, ಬೂದು ಫ್ಲೀಸ್ ಜೊತೆ ಹಾಕಬಾರದು. ಹಾರದಲ್ಲಿ ಒಂದು ಕಾಯಿ ಸೀಳಿದೆ, ಉಳಿದ ಕಾಯಿಗಳಿಂದ ಬದಲಿಸಿ ನಾಲ್ಕನ್ನೂ ಬಟ್ಟೆಯ ಚೀಲದಲ್ಲಿ ತೂಗುಹಾಕಿದ್ದೇನೆ. ಮುಂದಿನ ವರ್ಷ ಪಂದ್ಯ ಆನ್ ಆರ್ಬರ್‌ನಲ್ಲಿ. ಅಲ್ಲಿನ ಚೀಲದ ನಿಯಮ ಬೇರೆ ಇರಬಹುದು, ಸೆಪ್ಟೆಂಬರ್‌ನಲ್ಲೇ ನೋಡಿಕೊಳ್ಳಬೇಕು.