ನಾದ, ಕಾಲ ಮತ್ತು ಚಿಕ್ಕಬಳ್ಳಾಪುರದ ಒಂದು ಸುತ್ತು

ಅಕ್ಕನ ಮಗಳು ಕಾದಂಬರಿ ಬರೆಯುತ್ತಿದ್ದಾಳೆ. ಅದರಲ್ಲೊಂದು ವಿದ್ಯಾಪೀಠ. ಅಲ್ಲಿ ಕಲಿಸುವುದು ಎರಡೇ ವಿದ್ಯೆ: ನಾದ ಮತ್ತು ಕಾಲ. ಮೊದಲ ವರ್ಷದ ಮಕ್ಕಳು ಗೋಡೆಯಾಚೆಯ ಪಿಸುಮಾತು ಕೇಳಿಸಿಕೊಳ್ಳಬೇಕು. ಕೊನೆಯ ವರ್ಷದವರು ಒಂದು ಸ್ವರ ಹಿಡಿದು ಗಳಿಗೆಯನ್ನೇ ನಿಲ್ಲಿಸಬೇಕು. ಕಥೆ ಚೆನ್ನಾಗಿದೆ. ಆದರೆ ವಿದ್ಯಾಪೀಠವನ್ನು ಅವಳು ಹಿಮಾಲಯದಲ್ಲಿ ಕಟ್ಟಿದ್ದಳು. ಮಾಂತ್ರಿಕ ಶಾಲೆ ಅಂದರೆ ಎಲ್ಲರಿಗೂ ಮಂಜು ಮತ್ತು ಗೋಪುರವೇ ಬೇಕು, ಯಾಕೋ. "ಚಿಕ್ಕಬಳ್ಳಾಪುರ ಜಿಲ್ಲೆಯಲ್ಲಿ ಕಟ್ಟು, ಜಾಗ ನಾನು ತೋರಿಸ್ತೀನಿ" ಎಂದೆ. ಅವಳು ನಕ್ಕಳು. ಆದರೂ ಶನಿವಾರ ಬೆಳಿಗ್ಗೆ ಕಾರು ಹತ್ತಿದಳು.

ಮೊದಲು ಗೌರಿಬಿದನೂರು. ದೊಡ್ಡಬಳ್ಳಾಪುರ ದಾಟಿದ ಮೇಲೆ ಬಯಲು, ಬೋಳು ಬಂಡೆ, ರಾಗಿ ಹೊಲ. ಮಾಂತ್ರಿಕವಾದದ್ದು ಏನೂ ಕಾಣುವುದಿಲ್ಲ. ಇರುವುದೆಲ್ಲ ನೆಲದ ಕೆಳಗೆ. ಇಲ್ಲಿ ಭಾಭಾ ಅಣು ಸಂಶೋಧನಾ ಕೇಂದ್ರದವರ ಭೂಕಂಪನ ಮಾಪಕಗಳ ಸಾಲು 1965ರಿಂದ ಇದೆ. ಇಪ್ಪತ್ತು ಮಾಪಕಗಳನ್ನು ಇಂಗ್ಲಿಷಿನ 'ಎಲ್' ಅಕ್ಷರದ ಆಕಾರದಲ್ಲಿ ದೂರ ದೂರ ಇಟ್ಟಿದ್ದಾರೆ. ಬೇರೆ ಬೇರೆ ದೇಶಗಳು ನೆಲದೊಳಗೆ ಗುಟ್ಟಾಗಿ ಅಣುಬಾಂಬ್ ಸಿಡಿಸಿ ನೋಡುತ್ತಿದ್ದ ಕಾಲ ಅದು. ಆ ಗುಟ್ಟು ಕೇಳಿಸಿಕೊಳ್ಳಲೆಂದೇ ಇವು ಬಂದವು. ಆರು ಸಾವಿರ ಕಿಲೋಮೀಟರ್ ದೂರದ ಸ್ಫೋಟದ ಕಂಪನ ಭೂಮಿಯೊಳಗೆ ಸಾಗಿ ಇಲ್ಲಿಗೆ ಬರಲು ಒಂಬತ್ತು ಹತ್ತು ನಿಮಿಷ ಸಾಕು.

ಒಂದು ಮಾಪಕ ಸಾಲದೇ, ಇಪ್ಪತ್ತು ಯಾಕೆ ಎಂದು ಅವಳು ಕೇಳಿದಳು. ಕಂಪನ ಎಲ್ಲದಕ್ಕೂ ಒಟ್ಟಿಗೆ ತಲುಪುವುದಿಲ್ಲ. ಒಂದಕ್ಕೆ ಮೊದಲು, ಇನ್ನೊಂದಕ್ಕೆ ಸ್ವಲ್ಪ ತಡವಾಗಿ. ಆ ತಡ ಎಷ್ಟು ಎಂದು ಅಳೆದರೆ ಅದು ಯಾವ ದಿಕ್ಕಿನಿಂದ ಬಂತು ಎಂದು ಗೊತ್ತಾಗುತ್ತದೆ. ನಮಗೆ ಎರಡು ಕಿವಿ ಇರುವುದರ ಲಾಭವೂ ಇದೇ. ಬೆನ್ನ ಹಿಂದೆ ಹಾರ್ನ್ ಹೊಡೆದರೆ ಸರಿಯಾದ ಕಡೆಗೇ ಹಾರುತ್ತೇವಲ್ಲ, ಎರಡು ಕಿವಿಯ ನಡುವಿನ ಚಿಟಿಕೆ ತಡವನ್ನು ಮೆದುಳು ಲೆಕ್ಕ ಹಾಕಿರುತ್ತದೆ. "ಹಾಗಾದ್ರೆ ನಾದ ಒಂದು ಕ್ಲಾಸು, ಕಾಲ ಒಂದು ಕ್ಲಾಸು ಅಂತ ಬೇರೆ ಮಾಡೋಕೆ ಆಗಲ್ಲ, ಅಲ್ವಾ?" ಎಂದಳು. ನಾನು ಸುಮ್ನೆ ಗಾಡಿ ಓಡಿಸಿದೆ. ಹುಡುಗಿ ದಾರಿಗೆ ಬರುತ್ತಿದ್ದಳು.

ಅದೇ ತಾಲ್ಲೂಕಿನಲ್ಲಿ ರೇಡಿಯೊ ದೂರದರ್ಶಕವೂ ಇದೆ. ರಾಮನ್ ಸಂಶೋಧನಾ ಸಂಸ್ಥೆ ಮತ್ತು ಭಾರತೀಯ ಖಗೋಳ ಭೌತ ಸಂಸ್ಥೆ ಸೇರಿ ಕಟ್ಟಿದ್ದು. ದೂರದರ್ಶಕ ಅಂದರೆ ಕೊಳವೆ, ಗಾಜು ಅಂದುಕೊಂಡು ಹೋದರೆ ನಿರಾಸೆ. ಸುಮಾರು ಸಾವಿರ ಆಂಟೆನಾಗಳನ್ನು 'ಟಿ' ಆಕಾರದಲ್ಲಿ ಹೊಲದಗಲ ನೆಟ್ಟಿದ್ದರು. ಅದರ ಉದ್ದನೆಯ ತೋಳೇ ಒಂದೂಕಾಲು ಕಿಲೋಮೀಟರಿಗಿಂತ ಜಾಸ್ತಿ. 34.5 ಮೆಗಾಹರ್ಟ್ಸ್‌ನಲ್ಲಿ ಆಕಾಶದ ನಕ್ಷೆ ಮಾಡಿದ್ದು ಇಲ್ಲಿಂದಲೇ. ಪಲ್ಸಾರ್‌ಗಳನ್ನೂ ಇಲ್ಲಿ ಹಿಡಿದರು. ಪಲ್ಸಾರ್ ಅಂದರೆ ಗಿರಗಿರನೆ ತಿರುಗುವ ಸತ್ತ ನಕ್ಷತ್ರ. ತಾಳ ತಪ್ಪದೆ ಮಿಡಿಯುತ್ತದೆ, ಗಡಿಯಾರ ಹೊಂದಿಸಿಕೊಳ್ಳುವಷ್ಟು. ಒಂದು ತಮಾಷೆ ಇದೆ. ಅದರ ಒಂದೇ ಮಿಡಿತದಲ್ಲಿ ಮೇಲಿನ ಶ್ರುತಿ ಮೊದಲು ಬರುತ್ತದೆ, ಕೆಳಗಿನ ಶ್ರುತಿ ಹಿಂದೆ ಉಳಿಯುತ್ತದೆ. ದಾರಿಯಲ್ಲಿ ಚದುರಿದ ಎಲೆಕ್ಟ್ರಾನ್‌ಗಳು ಅದನ್ನು ತಡೆಯುತ್ತವೆ. ಎಷ್ಟು ಹಿಂದೆ ಉಳಿಯಿತು ಎನ್ನುವುದರಿಂದ ನಕ್ಷತ್ರ ಎಷ್ಟು ದೂರ ಎಂದು ಅಂದಾಜು ಮಾಡುತ್ತಾರೆ. ನಿಜ ಹೇಳಬೇಕೆಂದರೆ ರೇಡಿಯೊ ಅಲೆ ಸದ್ದಲ್ಲ, ಬೆಳಕಿನ ಜಾತಿಯದು. ಅವಳಿಗೆ ಹೇಳಿದೆ. "ಕಾದಂಬರಿಗೆ ನಡೆಯುತ್ತೆ" ಎಂದಳು. ಒಳಗೆ ಹೋಗಲು ಅನುಮತಿ ಬೇಕು, ನಮ್ಮ ಹತ್ತಿರ ಇರಲಿಲ್ಲ. ಹೊರಗೇ ನಿಂತು ಅವಳು ನೋಟ್ಸ್ ಮಾಡಿಕೊಂಡಳು.

ವಿದುರಾಶ್ವತ್ಥಕ್ಕೂ ಹೋಗಿ ಬಂದೆವು. 1938ರ ಏಪ್ರಿಲ್ 25ರಂದು ಧ್ವಜ ಸತ್ಯಾಗ್ರಹಕ್ಕೆ ಸೇರಿದ ಜನರ ಮೇಲೆ ಪೊಲೀಸರು ಗುಂಡು ಹಾರಿಸಿದ ಜಾಗ. ಅದನ್ನು ಕಥೆಗೆ ಎಳೆಯುವುದು ಬೇಡ ಎಂದು ಇಬ್ಬರಿಗೂ ಅನ್ನಿಸಿತು. ನಂದಿ ಬೆಟ್ಟ ಬೇಕಂತಲೇ ಬಿಟ್ಟೆವು. ಶನಿವಾರ ಅಲ್ಲಿ ಕೇಳಿಸುವುದು ಬೈಕಿನ ಸದ್ದು ಮಾತ್ರ.

ಶಿಡ್ಲಘಟ್ಟದ ಹತ್ತಿರ ಪರಿಚಯದ ರೈತರೊಬ್ಬರ ರೇಷ್ಮೆ ಹುಳು ಮನೆ ಇದೆ. ನನ್ನ ಮಟ್ಟಿಗೆ ಇಡೀ ಪ್ರವಾಸದ ತಿರುಳು ಅದೇ. ಕಾಲು ತೊಳೆದು ಒಳಗೆ ಹೋಗಬೇಕು. ಸೆಂಟು ಹಾಕಿಕೊಂಡಿದ್ದರೆ ಬಾಗಿಲಲ್ಲೇ ನಿಲ್ಲಬೇಕು. ನಾಲ್ಕನೇ ಜ್ವರ ಎದ್ದ ಹುಳುಗಳಿಗೆ ಆಗಷ್ಟೇ ಸೊಪ್ಪು ಹಾಕಿದ್ದರು. ಹುಳು ಪೊರೆ ಬಿಡುವಾಗ ತಿನ್ನುವುದು ನಿಲ್ಲಿಸಿ, ತಲೆ ಎತ್ತಿ ಕೂತುಬಿಡುತ್ತದೆ. ಅದಕ್ಕೇ ಈ ಕಡೆ ಜ್ವರ ಅನ್ನುವುದು. ಇಲ್ಲಿ ತಾರೀಕಿಗಿಂತ ಜ್ವರವೇ ಲೆಕ್ಕ. ಯಾವಾಗ ಬರ್ತೀರಿ ಅಂದರೆ ಎರಡನೇ ಜ್ವರ ಕಳೀಲಿ ಎನ್ನುತ್ತಾರೆ.

ಬಾಗಿಲು ಹಾಕಿದ ಮೇಲೆ ಸದ್ದು ಕೇಳಿಸಿತು. ಹೆಂಚಿನ ಮೇಲೆ ಸಣ್ಣ ಮಳೆ ಹಿಡಿದ ಹಾಗೆ. ಸಾವಿರಾರು ಬಾಯಿ ಹಿಪ್ಪುನೇರಳೆ ಎಲೆ ಕತ್ತರಿಸುವ ಸದ್ದು. ಹುಳು ತನ್ನ ಇಡೀ ಆಯಸ್ಸಿನಲ್ಲಿ ತಿನ್ನುವ ಸೊಪ್ಪಿನಲ್ಲಿ ಮುಕ್ಕಾಲು ಪಾಲಿಗಿಂತ ಜಾಸ್ತಿ ಈ ಕೊನೆಯ ವಾರದಲ್ಲೇ ಮುಗಿಯುತ್ತದೆ. ಆಮೇಲೆ ಹಣ್ಣಾಗುತ್ತದೆ, ಮೈ ಹಳದಿಗೆ ತಿರುಗುತ್ತದೆ, ಚಂದ್ರಿಕೆ ಎನ್ನುವ ಬಿದಿರಿನ ತಟ್ಟಿ ಏರುತ್ತದೆ, ಗೂಡು ಕಟ್ಟುತ್ತದೆ. ಮನೆಯ ಯಜಮಾನಿ ಹೇಳಿದರು: "ರಾತ್ರಿ ನಿದ್ದೇಲೂ ಕಿವಿ ಇಲ್ಲೇ ಇರುತ್ತೆ. ಸದ್ದು ಕಮ್ಮಿ ಆಯ್ತು ಅಂದ್ರೆ ಎದ್ದು ಬಂದು ನೋಡ್ತೀನಿ. ಸೊಪ್ಪು ಮುಗಿದಿರಬೇಕು, ಇಲ್ಲಾ ರೋಗ ಬಂದಿರಬೇಕು." ಅಕ್ಕನ ಮಗಳು ಪುಸ್ತಕ ತೆಗೆದು ಏನೋ ಬರೆದಳು. ವಿದ್ಯಾಪೀಠಕ್ಕೆ ಮುಖ್ಯಸ್ಥೆ ಸಿಕ್ಕಿದರು ಅಂತ ಆಮೇಲೆ ಗೊತ್ತಾಯಿತು. ಊಟಕ್ಕೆ ಮುದ್ದೆ, ಬಸ್ಸಾರು. ಹಿಮಾಲಯದಲ್ಲಿ ಇದು ಎಲ್ಲಿ ಸಿಗಬೇಕು?

ಚಿಂತಾಮಣಿ ದಾಟಿ ಕೈಲಾಸಗಿರಿಗೆ ಹೋದೆವು. ಅಂಬಾಜಿದುರ್ಗದ ಬಂಡೆ ಕೊರೆದು ಮಾಡಿದ ಗುಹಾ ದೇವಾಲಯ. ಹಳೆಯದೇನಲ್ಲ, ನಮ್ಮ ಕಾಲದ್ದೇ. ಜನ ಕಮ್ಮಿ ಇದ್ದರು. ಅವಳು ಒಂದು 'ಸಾ' ಹಿಡಿದು ನಿಲ್ಲಿಸಿದಳು. ಬಾಯಿ ಮುಚ್ಚಿದ ಮೇಲೂ ಕಲ್ಲು ಹಾಡುತ್ತಲೇ ಇತ್ತು. ನುಣುಪು ಕಲ್ಲು ಸದ್ದನ್ನು ನುಂಗುವುದಿಲ್ಲ, ಗೋಡೆಯಿಂದ ಗೋಡೆಗೆ ಎಸೆಯುತ್ತದೆ. ಗಳಿಗೆ ನಿಲ್ಲಲಿಲ್ಲ, ಆದರೆ ಸ್ವಲ್ಪ ಜಗ್ಗಿದ್ದಂತೂ ನಿಜ.

ಸಂಜೆಗೆ ಕೈವಾರ. ಬಳೆ ಮಾರುತ್ತಿದ್ದ ನಾರಾಯಣಪ್ಪ ಇಲ್ಲೇ ತಾತಯ್ಯ ಎಂಬ ಸಂತನಾದದ್ದು. ಹುಟ್ಟಿದ್ದು 1726ರಲ್ಲಿ, ಸಮಾಧಿಯಾದದ್ದು 1836ರಲ್ಲಿ ಎನ್ನುತ್ತಾರೆ. ಗುರುಗಳು ಅವರ ಬಾಯಿಗೆ ಕಲ್ಲು ಕೊಟ್ಟು, ಅಷ್ಟಾಕ್ಷರಿ ಜಪ ಮಾಡು ಎಂದರಂತೆ. ಜಪ ಫಲಿಸಿದಾಗ ಕಲ್ಲು ಕಲ್ಲುಸಕ್ಕರೆ ಆಯಿತಂತೆ. ಅವರು ತೆಲುಗಿನಲ್ಲೂ ಕನ್ನಡದಲ್ಲೂ ಹಾಡಿದರು, ಕಾಲಜ್ಞಾನ ಹೇಳಿದರು. ಏನಾದರೂ ಆದ ಮೇಲೆ 'ತಾತಯ್ಯ ಆಗಲೇ ಹೇಳಿದ್ದರು' ಎನ್ನುವವರು ಈ ಸೀಮೆಯಲ್ಲಿ ಜಾಸ್ತಿ. ನನಗೆ ಆ ಭವಿಷ್ಯಕ್ಕಿಂತ ಕಲ್ಲಿನ ಕಥೆಯೇ ಇಷ್ಟ. ಗುರುಪೂರ್ಣಿಮೆಗೆ ಇಲ್ಲಿ 72 ಗಂಟೆ ಬಿಡದೆ ಸಂಗೀತ ನಡೆಯುತ್ತದೆ. ದೊಡ್ಡ ವಿದ್ವಾಂಸರೂ ಹಾಡುತ್ತಾರೆ, ಹಳ್ಳಿಯ ಭಜನೆ ತಂಡಗಳೂ ಹಾಡುತ್ತವೆ. ಅರ್ಧ ರಾತ್ರಿಯ ಪಾಳಿ ಯಾರದ್ದಿರುತ್ತದೋ, ಅವರ ಹಾಡು ಕೇಳಬೇಕು ಎಂದು ನನ್ನ ಆಸೆ.

ವಾಪಸ್ ಬರುವಾಗ ವಿದ್ಯಾಪೀಠದ ನಕ್ಷೆ ಕಾರಿನಲ್ಲೇ ತಯಾರಾಯಿತು. ಹಿಮಾಲಯ ಹೋಯಿತು. ಮೊದಲ ವರ್ಷ ಹುಳು ಮನೆಯಲ್ಲಿ, ಎರಡನೇ ವರ್ಷ ಗೌರಿಬಿದನೂರಿನ ಬಯಲಲ್ಲಿ. ಪ್ರವೇಶ ಪರೀಕ್ಷೆಗೆ ಬಾಯಲ್ಲಿ ಕಲ್ಲು. ಎಷ್ಟು ಹೊತ್ತು ಎನ್ನುವುದರ ಮೇಲೆ ಜಗಳ ಶುರುವಾಯಿತು. ಅವಳು ಒಂದು ರಾತ್ರಿ ಎಂದಳು, ನಾನು ಅರ್ಧ ಗಂಟೆ ಸಾಕು ಎಂದೆ. ಹೊಸಕೋಟೆ ಬಂದರೂ ಇತ್ಯರ್ಥವಾಗಲಿಲ್ಲ.